ಗುಲಗಂಜಿಗೆ ಸರಿತೂಕದ ಬೆಳಕು

ಏಳೂರಿನ ಆಚೆ ಎಂಟನೇದು ಅಂತ ಒಂದು ಊರಿತ್ತಂತೆ. ಹೆಸರು ಕೇಳಬೇಡಿ, ಕಥೆ ಕಟ್ಟಿದವರಿಗೇ ಮರೆತುಹೋಗಿತ್ತಂತೆ. ಆ ಊರಿನ ಗುಡ್ಡದ ಮೇಲೆ ಬೆಳಕಿನ ಗುರುಕುಲ. ಅಲ್ಲಿ ಬೆಳಕು ಬಿಟ್ಟರೆ ಬೇರೆ ಪಾಠವೇ ಇಲ್ಲ. ಒಬ್ಬರು ಬೆಳಕನ್ನು ಪಂಚೆಯ ಹಾಗೆ ಮಡಿಸುವವರು, ಒಬ್ಬರು ಜಡೆ ಹೆಣೆಯುವವರು, ಇನ್ನೊಬ್ಬರು ಮಿಂಚುಹುಳ ಹಿಡಿದು ಹಾಲು ಕರೆದಂತೆ ಕರೆಯುವವರು. ಎಲ್ಲರಿಗೂ ದೊಡ್ಡವರು ಝಗಮಗಾಚಾರ್ಯರು. ಅವರ ಗಡ್ಡ ಕತ್ತಲಲ್ಲೂ ಮಿನುಗುತ್ತಿತ್ತಂತೆ. ಅದಕ್ಕೇ ಅವರಿಗೆ ನಿದ್ದೆ ಬರುತ್ತಿರಲಿಲ್ಲವಂತೆ.

ನಿದ್ದೆ ಬಾರದವರಿಗೆ ಇಲ್ಲದ ಯೋಚನೆ. ಬೆಳಕಿನ ತೂಕ ಎಷ್ಟು ಅಂತ ತಿಳಿಯಬೇಕು ಅನ್ನಿಸಿತು. ಮಂತ್ರದ ತಕ್ಕಡಿ ಮಾಡಿಸಿದರು. ಒಂದು ತಟ್ಟೆಗೆ ಒಂದೇ ಒಂದು ಗುಲಗಂಜಿ, ಇನ್ನೊಂದಕ್ಕೆ ಕನ್ನಡಿ ಹಿಡಿದು ಬಿಸಿಲು ಸುರಿಯುವುದು. ಸುರಿದರು, ಗುಲಗಂಜಿ ಏಳಲಿಲ್ಲ. ಒಂದು ವರ್ಷ ಸುರಿದರು, ಏಳಲಿಲ್ಲ. ಮೂರು ವರ್ಷ ಸುರಿದರು, ಏಳಲಿಲ್ಲ. ಏಳು ವರ್ಷ ಸುರಿದರು, ಊಹೂಂ. ಮೊದಲು ಸಂಜೆಬಿಸಿಲು ಹೋಯಿತು, ಆಮೇಲೆ ಎಳೆಬಿಸಿಲು, ಕೊನೆಗೆ ನಡುಮಧ್ಯಾಹ್ನದ ಬಿಸಿಲನ್ನೂ ಎಳೆದುಕೊಂಡರು. ಊರಿಗೆ ಉಳಿದದ್ದು ಬೂದಿಬಣ್ಣದ ಮಬ್ಬು. ಕೂಗಬೇಕೋ ಬೇಡವೋ ಅಂತ ಹುಂಜಕ್ಕೇ ಅನುಮಾನ ಬಂತಂತೆ.

ಆ ಊರಲ್ಲಿ ಕುಂಬಾರಗಿತ್ತಿ ಮಾಳವ್ವ. ಅವಳಿಗೆ ಒಬ್ಬಳೇ ಮಗಳು, ಹೊನ್ನಿ. ಹೊನ್ನಿಯ ಮದುವೆಗೆ ಇನ್ನು ಐದೇ ದಿನ. ಐರಣಿ ಗಡಿಗೆ, ಅಂದರೆ ಹಸೆಯ ಪಕ್ಕದಲ್ಲಿಟ್ಟು ಪೂಜಿಸುವ ಮದುವೆ ಗಡಿಗೆ, ಐದು ಇಲ್ಲದೆ ಅವರಲ್ಲಿ ತಾಳಿ ಕಟ್ಟುವಂತಿಲ್ಲ. ಊರ ಮದುವೆಗೆಲ್ಲ ಗಡಿಗೆ ಕೊಟ್ಟವಳ ಮನೆಯಲ್ಲೇ ಈಗ ಗಡಿಗೆ ಇಲ್ಲ. ತಟ್ಟಿಟ್ಟು ಹದಿನೈದು ದಿನವಾದರೂ ಒಂದೂ ಒಣಗಿಲ್ಲ. ಹಸಿಯದನ್ನು ಆವಿಗೆಯ ಬೆಂಕಿಗಿಟ್ಟರೆ ಸಿಡಿದು ಚೂರು. ಗಂಡಿನ ಕಡೆಯವರು ಬೇರೆ, ಹೊತ್ತಿಗೆ ಸರಿಯಾಗಿ ಗಡಿಗೆ ಇಲ್ಲದಿದ್ದರೆ ಪಕ್ಕದೂರಲ್ಲಿ ಹೆಣ್ಣು ನೋಡ್ತೇವೆ ಅಂತ ಹೇಳಿಕಳಿಸಿದ್ದರು.

ಮಾಳವ್ವ ಒಂದು ಹಸಿ ಗಡಿಗೆ ಸೊಂಟಕ್ಕೇರಿಸಿ ಗುಡ್ಡ ಹತ್ತಿದಳು.

ಒಳಗೆ ಹೋಗುವ ಸಾಮಾನನ್ನೆಲ್ಲ ತೂಗುವುದು ಗುರುಕುಲದ ಪದ್ಧತಿ. ಬಾಗಿಲಲ್ಲೇ ಗಡಿಗೆ ತೂಗಿದರು. ನಾಲ್ಕು ಸೇರು. ಹಸಿಮಣ್ಣಿನ ಮೇಲೆ ಕಡ್ಡಿಯಲ್ಲಿ ನಾಲ್ಕು ಗೆರೆ ಗೀರಿದರು. ಮದುವೆ ಗಡಿಗೆಗೆ ಗೀರು ಹಾಕಿದರಲ್ಲ ಅಂತ ಮಾಳವ್ವನಿಗೆ ಆಗಲೇ ಮೈ ಉರಿಯಿತು.

ಮೊದಲನೇ ಗುರು ಯಾವ ಬೆಳಕು ಬೇಕು ಅಂತ ಕೇಳಿದ. ಮಡಕೆ ಒಣಗೋ ಬೆಳಕು ಅಂದಳು. ಅರ್ಜಿ ಕೊಡು ಅಂದ, ಆದರೆ ಅರ್ಜಿಯನ್ನು ಬಿಸಿಲಿನಲ್ಲಿ ಸುಟ್ಟು ಬರೆಯಬೇಕಂತೆ. ಬಿಸಿಲೆಲ್ಲಿದೆ ಅಂತ ಕೇಳಿದರೆ, ಅದಕ್ಕೆ ಇನ್ನೊಂದು ಅರ್ಜಿ ಅಂದ.

ಎರಡನೇ ಗುರು ಯಾವ ಬೆಳಕು ಬೇಕು ಅಂತ ಕೇಳಿದ. ಮಡಕೆ ಒಣಗೋ ಬೆಳಕು ಅಂದಳು. ಸಾಕ್ಷಿಗೆ ನಿನ್ನ ನೆರಳನ್ನು ಕರೆದುಕೊಂಡು ಬಂದಿದ್ದೀಯಾ ಅಂದ. ಬಿಸಿಲಿಲ್ಲದೆ ನೆರಳು ಎಲ್ಲಿಂದ ಬರಬೇಕು ಅಂತ ಇವಳು ಕೇಳಿದ್ದಕ್ಕೆ ಭೇಷ್ ಅಂದ, ಒಳ್ಳೇ ಪ್ರಶ್ನೆ, ಬರುವ ವರ್ಷ ಚರ್ಚೆಗೆ ಇಡೋಣ ಅಂದ.

ಮೂರನೇ ಮನೆಯೇ ತಕ್ಕಡಿಯ ಮನೆ. ತಟ್ಟೆಯ ಮೇಲೆ ಬೆಳಕು ಹುಲ್ಲಿನ ಬಣವೆಯ ಹಾಗೆ ಏರಿತ್ತು. ಕಣ್ಣು ಬಿಡಲಾಗದ ಉರಿ. ಬೆಳಕನ್ನು ನೋಡಿ ಕಲಿಯುವ ಶಿಷ್ಯರು, ಕಲಿಸುವ ಪಂಡಿತರು ಎಲ್ಲ ಕಣ್ಣಿಗೆ ಬಟ್ಟೆ ಕಟ್ಟಿಕೊಂಡು ಕೂತಿದ್ದರಂತೆ. ಓದು ಅಂದರೆ ಅದು. ಝಗಮಗಾಚಾರ್ಯರು ಗುಲಗಂಜಿ ಏಳುವವರೆಗೂ ಒಂದು ಎಳೆ ಬೆಳಕನ್ನೂ ಹೊರಗೆ ಬಿಡುವಂತಿಲ್ಲ ಅಂದರು. ಯಾವಾಗ ಏಳುತ್ತೆ ಅಂದರೆ, ಬರುವ ವರ್ಷ, ತಪ್ಪಿದರೆ ಅದರಾಚೆಯ ವರ್ಷ.

ಮಾಳವ್ವನ ತಾಳ್ಮೆ ಹರಿದುಹೋಯಿತು. ಗುರುವಿನ ಗಡ್ಡದಿಂದ ಶುರುಮಾಡಿ ಗುರುವಿನ ಗುರುವಿನವರೆಗೂ ಒಬ್ಬರನ್ನೂ ಬಿಡದೆ ಬೈದಳು. ಬಾಯಿ ಬೈಯುತ್ತಿತ್ತು, ಕೈ ಮಾತ್ರ ಕುಂಬಾರಗಿತ್ತಿಯ ಕೈ. ಒಂದೇ ಮಗ್ಗುಲಿಗೆ ಕಾವು ಬಡಿದು ಬಿರುಕು ಬಿಟ್ಟೀತು ಅಂತ ಗಡಿಗೆಯನ್ನು ತಿರುಗಿಸುತ್ತಲೇ ಇತ್ತು. ಉಸಿರಿಗೆ ಅಂತ ನಿಲ್ಲಿಸಿ ನೋಡುತ್ತಾಳೆ, ಗಡಿಗೆ ಒಣಗಿ ಬಿಳಿಚಿಕೊಂಡಿದೆ. ಐದರಲ್ಲಿ ಒಂದಾದರೂ ಆಯಿತಲ್ಲ ಅಂತ ಎತ್ತಿಕೊಂಡು ಹೊರಟಳು.

ಬಿಡಲಿಲ್ಲ. ಗಡಿಗೆ ಗುರುಕುಲದ ಬೆಳಕು ಕುಡಿದಿದೆ, ತೂಗದೆ ಕಳಿಸುವ ಹಾಗಿಲ್ಲ ಅಂದರು. ತೂಗಿದರು. ಮೂರು ಸೇರು. ಗೆರೆ ಎಣಿಸಿದರೆ ನಾಲ್ಕು. ಮತ್ತೆ ತೂಗಿದರು, ಮೂರೇ. ಝಗಮಗಾಚಾರ್ಯರ ಗಡ್ಡ ಮಂಕಾಯಿತಂತೆ.

"ಒಂದು ಸೇರು ಎಲ್ಲಿ ಹೋಯಿತು?"

ನೀರಾರಿ ಹೋಯ್ತು, ನಿನ್ನ ತಲೆ, ಅಂತ ಮಾಳವ್ವನ ನಾಲಗೆಯ ತುದಿಗೆ ಬಂದಿತ್ತು. ಅಷ್ಟರಲ್ಲಿ ಹೊನ್ನಿಯ ಮುಖ ನೆನಪಾಗಿ ನಾಲಗೆ ಕಚ್ಚಿಕೊಂಡಳು.

"ನಿಮ್ಮ ಬೆಳಕು ತಿಂತು ಬುದ್ಧಿ. ಅದು ತೂಕ ತಿನ್ನೋ ಬೆಳಕು. ಇಷ್ಟು ಹೊತ್ತಿಗೇ ನನ್ನ ಮಡಕೇದು ಒಂದು ಸೇರು ತಿಂದದ್ದು, ಏಳು ವರ್ಷದಲ್ಲಿ ಆ ತಟ್ಟೇದು ಎಷ್ಟು ತಿಂದಿರಬೇಡ? ನೀವು ಸುರಿದಷ್ಟೂ ಅದು ಹಗುರಾಗ್ತದೆ. ಗುಲಗಂಜಿ ಹೆಂಗೆ ಎದ್ದಾತು?"

"ಹಾಗಾದರೆ ಏನು ಮಾಡೋದು ತಾಯಿ?"

"ತಿನ್ನೋದನ್ನ ಹೊರಕ್ಕೆ ಚೆಲ್ಲಿ. ತೂಕ ತಾನಾಗಿ ಬರ್ತದೆ."

ಪಂಡಿತರು ಒಬ್ಬರ ಮುಖ ಒಬ್ಬರು ನೋಡಿಕೊಂಡರು, ಅಂದರೆ ಬಟ್ಟೆಯ ಮುಖ ಬಟ್ಟೆ ನೋಡಿತು. ಎಲ್ಲಿ ಹಿಡಿದರೂ ಮಾತು ಸರಿಯಾಗೇ ಇತ್ತು. ಹತ್ತು ಜನ ಸೇರಿ ತಟ್ಟೆ ಹಿಡಿದು ಗುಡ್ಡದ ಕೆಳಕ್ಕೆ ಬಗ್ಗಿಸಿದರು.

ಏಳು ವರ್ಷದ ಬಿಸಿಲು ಒಂದೇ ಸಲಕ್ಕೆ ಊರಿಗೆ ಇಳಿಯಿತಂತೆ. ಹುಂಜ ಬಾಕಿಯನ್ನೆಲ್ಲ ಸೇರಿಸಿ ಸಂಜೆಯವರೆಗೂ ಕೂಗಿತು. ಮಾಳವ್ವ ಮಾತ್ರ, ಅಯ್ಯೋ ಇಷ್ಟೊಂದಾ ಅಂತ ಬೈದುಕೊಳ್ಳುತ್ತಾ ಓಡಿಬಂದು, ಉಳಿದ ನಾಲ್ಕಕ್ಕೂ ಒದ್ದೆಬಟ್ಟೆ ಹೊದಿಸಿ ಹದವಾಗಿ ಒಣಗಿಸಿದಳು. ಆವಿಗೆ ಉರಿಯಿತು, ಐದು ಗಡಿಗೆ ಕೆಂಪಗೆ ಎದ್ದು ಬಂದವು, ಗಂಡಿನ ಕಡೆಯವರು ಕಣ್ಣು ಕಿರಿದು ಮಾಡಿಕೊಂಡು ಬಂದರು, ಹೊನ್ನಿಗೆ ತಾಳಿ ಬಿತ್ತು.

ಊಟದ ಪಂಕ್ತಿಗೆ ಝಗಮಗಾಚಾರ್ಯರೂ ಬಂದರಂತೆ. ಎಲೆ ಮುಂದೆ ಕೂತವರೇ, ಎಲ್ಲ ಚೆಲ್ಲಿದರೂ ಗುಲಗಂಜಿ ಏಳಲಿಲ್ಲವಲ್ಲ ಅಂತ ಶುರುಮಾಡಿದರು. ಬೀಗರ ಎದುರಿಗೆ ಬೈಯುವಂತಿಲ್ಲ. ಮಾಳವ್ವ ಸೌಟು ಹಿಡಿದುಕೊಂಡೇ ನಿಟ್ಟುಸಿರು ಬಿಟ್ಟಳು.

"ಮೂಲೆ ಮುಡುಕಿನಲ್ಲಿ ಉಳಿದಿರ್ತದೆ ಬುದ್ಧಿ. ದಿನಾ ಎದ್ದು ಗುಡಿಸಿ ಹೊರಕ್ಕೆ ಹಾಕಿ. ಈಗ ಪಾಯಸ ಉಣ್ಣಿ."

ಅವತ್ತಿನಿಂದ ಗುರುಕುಲದವರು ದಿನಾ ಗುಡಿಸುತ್ತಾರಂತೆ. ಅವರು ಪೊರಕೆ ಹಿಡಿಯುವ ಹೊತ್ತಿಗೇ ನಾವು ಬೆಳಗಾಯಿತು ಅನ್ನುವುದಂತೆ. ಗುಡಿಸುವವರು ಗುಡ್ಡದ ಮೇಲೆ, ಬಿಸಿಲು ಕಾಯಿಸುವವರು ಜಗಲಿಯ ಮೇಲೆ, ಕಥೆ ಅವರಿಗೂ ನಮಗೂ ನಡುವೆ.