ಅಂಗಾತ ಮಲಗಿದ ಅಂಬಿಗ

“ಸರ್, ನಾಳೆ ಬೆಳಿಗ್ಗೆ ನಾನು ಬಸ್ ನಿಲ್ದಾಣಕ್ಕೆ ಹೋಗಿ ನಿಲ್ಲಬಹುದೇ?” ಎಂದು ಮಂದಾಕಿನಿ ಕೇಳಿದಳು.

ಅವಳು ಮನೋವೈದ್ಯೆ, ಡಾಕ್ಟರ್ ಚೆನ್ನವೀರಯ್ಯನವರ ಶಿಷ್ಯೆ. ಅಪಘಾತವಾದ ಮೇಲೆ ಸ್ಟೀರಿಂಗ್ ಮುಟ್ಟಲೂ ನಡುಗುತ್ತಿದ್ದ ಬಸ್ ಡ್ರೈವರೊಬ್ಬ ವರ್ಷದಿಂದ ಅವಳ ಬಳಿ ಬರುತ್ತಿದ್ದ. ನಾಳೆ ಅವನು ಮತ್ತೆ ಡ್ಯೂಟಿಗೆ ಹೋಗುವ ಮೊದಲ ದಿನ. ಅವಳಿಗೆ ಕುರ್ಚಿಯಲ್ಲಿ ಕೂರಲೂ ಆಗದಷ್ಟು ಸಂಭ್ರಮ. ತಾನು ಕಣ್ಣಿಗೆ ಬಿದ್ದರೆ ಅವನಿಗೆ ಧೈರ್ಯ ಬರುತ್ತದೆ ಎಂದಳು.

“ಕೂತ್ಕೋ ತಾಯಿ, ಬಸ್ಸು ಹೊರಡೋದು ನಾಳೆ” ಎಂದು ನಕ್ಕು ಗುರುಗಳು ಕತೆ ತೆಗೆದರು.

ಒಬ್ಬ ಅಂಬಿಗನಿದ್ದ. ಒಮ್ಮೆ ದೋಣಿ ಮಗುಚಿ ಹೇಗೋ ಬದುಕಿ ಬಂದ. ಆಮೇಲೆ ನೀರು ಕಂಡರೆ ಕೈಕಾಲು ತಣ್ಣಗಾಗುತ್ತಿತ್ತು, ಕಲಿತ ಈಜೂ ಮರೆತುಹೋಗಿತ್ತು. ಹೊಳೆ ಬಿಟ್ಟರೆ ಅವನಿಗೆ ಬೇರೆ ಬದುಕು ಗೊತ್ತಿಲ್ಲ. ಈಜು ಕಲಿಸುವವನೊಬ್ಬನ ಹತ್ತಿರ ಹೋದ.

ಈಜುಗಾರ ಅವನ ಬೆನ್ನಿಗೆ ಬೆಂಡು ಕಟ್ಟಿ, ಸೊಂಟಕ್ಕೆ ಹಗ್ಗ ಬಿಗಿದು, ಸಣ್ಣ ಮಕ್ಕಳಿಗೆ ಕಲಿಸುವ ಹಾಗೆ ಬಾವಿಗೆ ಇಳಿಸಿದ. ದಿನಕ್ಕೊಂದು ಬೆಂಡು ಕಡಿಮೆ ಮಾಡಿದ. ಕಡೆಗೆ ಹಗ್ಗವನ್ನೂ ಬಿಚ್ಚಿದ. ಅಂಬಿಗ ಬಾವಿಯಲ್ಲಿ ಮೂರು ಸುತ್ತು ಹಾಕಿದ. ಅವತ್ತು ಇಬ್ಬರೂ ತಬ್ಬಿಕೊಂಡು ಅತ್ತರು.

ಇನ್ನು ಹೊಳೆ ದಾಟುವುದೊಂದೇ ಬಾಕಿ. ಒಬ್ಬನೇ ಹೋಗುತ್ತೇನೆ ಎಂದ ಅಂಬಿಗ. ಈಜುಗಾರನ ಜೀವ ಕೇಳಬೇಕಲ್ಲ. ಯಾವುದಕ್ಕೂ ಇರಲಿ ಎಂದು ಹಗ್ಗ ಹಿಡಿದು ಹರಿಗೋಲಿನಲ್ಲಿ ಹಿಂದೆಯೇ ಹೊರಟ. ಅಂಬಿಗ ಕೈ ಬೀಸಿ ಬೀಸಿ ಈಜುತ್ತಿದ್ದರೆ ಇವನಿಗೆ ಎದ್ದು ಕುಣಿಯುವಷ್ಟು ಖುಷಿ. ನಡುಹೊಳೆಯಲ್ಲಿ ಅಂಬಿಗ ದಣಿವಾರಿಸಿಕೊಳ್ಳಲು ನೀರಿನ ಮೇಲೆ ಅಂಗಾತ ಮಲಗಿದ. ಈಜು ಬಲ್ಲವರೆಲ್ಲ ಮಾಡುವುದೇ ಅದು. ಕಲಿಸಿದವನೂ ಇವನೇ. ಆದರೂ ಅಂಬಿಗ ಸೋತನೆಂದು ಈಜುಗಾರ ಹೆದರಿದ. “ಹಿಡಿ!” ಎಂದು ಕೂಗಿ ಹಗ್ಗ ಎಸೆದ.

ಅಂಬಿಗ ಹಗ್ಗ ನೋಡಿದ. ಕಲಿಸಿದವನೇ ಎಸೆದನೆಂದರೆ ತಾನು ಮುಳುಗುತ್ತಿರಬೇಕು ಎಂದುಕೊಂಡ. ಹಾಗೆ ಅಂದುಕೊಂಡದ್ದೇ ತಡ, ಕೈಕಾಲು ಸೋತು ಮುಳುಗಿದ. ಈಜುಗಾರ ಹಾರಿ ಅವನನ್ನು ದಡಕ್ಕೆ ಎಳೆದು ತಂದ. ಜೀವ ಉಳಿಯಿತು. ಆದರೆ ಅಂಬಿಗ ಮತ್ತೆ ಹುಟ್ಟು ಹಿಡಿಯಲಿಲ್ಲ.

ಮಂದಾಕಿನಿಗೆ ತಡೆಯಲಾಗಲಿಲ್ಲ. “ಅಕ್ಕರೆಯಿಂದ ತಾನೇ ಸರ್ ಎಸೆದದ್ದು? ಅದರಲ್ಲಿ ತಪ್ಪೇನಿದೆ?”

ಗುರುಗಳು ಕೇಳಿದರು: “ನಾಳೆ ನಿಲ್ದಾಣದಲ್ಲಿ ನಿನ್ನನ್ನು ಕಂಡರೆ ಆ ಡ್ರೈವರ್ ತನಗೆ ವಾಸಿಯಾಗಿದೆ ಅಂದುಕೊಳ್ಳುತ್ತಾನೋ, ಇನ್ನೂ ಇಲ್ಲ ಅಂದುಕೊಳ್ಳುತ್ತಾನೋ?”