ಬೇವಿನ ಹಣ್ಣಿನ ಕಹಿ ಎಲ್ಲಿ ಹೋಯಿತು?

ಭೂಮಿ ಹೊಸದಾಗಿದ್ದ ಕಾಲ. ಮಣ್ಣಿನ ಬಿಸಿಯೂ ಇನ್ನೂ ಆರಿರಲಿಲ್ಲ. ಆಗ ಬೇವು ಬೇರಿನಿಂದ ಹಣ್ಣಿನವರೆಗೂ ಕಹಿಯಾಗಿತ್ತು. ಕಣಗಿಲೆಯಲ್ಲಿ ವಿಷವಿತ್ತು, ರುಚಿ ಮಾತ್ರ ಎಳೆ ಸೌತೆಯ ಹಾಗೆ ತಂಪಾಗಿತ್ತು.

ಅವೆರಡೂ ಬೆಳೆದಿದ್ದ ತೋಟದಲ್ಲಿ ಕಂದಿ ಎಂಬ ತಾಯಿನಾಯಿ ಇತ್ತು. ಅದಕ್ಕೆ ಎರಡು ಮರಿ. ಹಲ್ಲು ಬರುವಾಗ ಒಸಡಿನಲ್ಲಿ ನವೆಯಲ್ಲವೇ? ಮರಿಗಳು ಸಿಕ್ಕಿದ್ದನ್ನೆಲ್ಲ ಕಚ್ಚಿದವು. ಸೀಬೆಕಡ್ಡಿ ಕಚ್ಚಿದವು, ಏನೂ ಆಗಲಿಲ್ಲ. ದಾಸವಾಳದ ಕಡ್ಡಿ ಕಚ್ಚಿದವು, ಏನೂ ಆಗಲಿಲ್ಲ. ದೊಡ್ಡ ಮರಿ ಕಣಗಿಲೆ ಕಡ್ಡಿ ಕಚ್ಚಿ ನುಂಗಿತು. ಮಲಗಿದ್ದು ಮತ್ತೆ ಏಳಲಿಲ್ಲ.

ಉಳಿದದ್ದು ಮೋಟುಬಾಲದ ಮೋಟ ಒಂದೇ. ಕಂದಿ ಕಣಗಿಲೆಯ ಮುಂದೆ ನಿಂತು ಗಂಟಲು ಹರಿಯುವಂತೆ ಬೊಗಳಿತು. “ಈ ತೋಟ ಬಿಟ್ಟು ಹೋಗು!”

“ಎಲ್ಲಿಗೆ ಹೋಗಲಿ ಅಕ್ಕಾ, ನನಗೆ ಕಾಲಿಲ್ಲ,” ಎಂದು ಕಣಗಿಲೆ ಅತ್ತಿತು. “ತಿನ್ನಬೇಡ ಅಂತ ಕೂಗಿದೆ. ಮರಿ ಕೇಳಲಿಲ್ಲ.”

“ಹಲ್ಲು ಬರೋ ಮರಿಗೆ ಕಿವಿ ಎಲ್ಲಿರುತ್ತೆ? ಬರೀ ಬಾಯಿ!” ಎಂದಿತು ಗಾಳಿ. “ಆ ಬಾಯಿಗೆ ತಿಳಿಯೋ ಹಾಗೆ ನಿನಗೆ ಕಹಿ ಬೇಕು. ಯಾರಾದರೂ ಕೊಡ್ತೀರಾ?”

ಮರಗಳೆಲ್ಲ ಬೇವಿನ ಕಡೆ ತಿರುಗಿದವು. ಕಂದಿಯೂ ತಿರುಗಿತು.

“ನನ್ನ ಹಣ್ಣಿಗೆ ಇರೋ ಕಾವಲು ಅದೊಂದೇ,” ಎಂದಿತು ಬೇವು. “ಅದನ್ನೂ ಕೊಟ್ಟರೆ ಕಾಗೆಗಳು ನನ್ನ ಹಣ್ಣನ್ನ ಬಿಡ್ತಾವಾ?”

“ಹಾಗಲಕಾಯಿಗೆ ಬೇವಿನಕಾಯಿ ಸಾಕ್ಷಿ!” ಎಂದು ಹುಣಸೆ ಮೂಗು ಮುರಿಯಿತು. “ಇದೂ ಆ ವಿಷದ ಕಡೆಯೇ.”

ಅಷ್ಟರಲ್ಲಿ ಮೋಟ ಮೆಲ್ಲಗೆ ಹಿಂದಿನಿಂದ ನುಸುಳಿ ಕಣಗಿಲೆಯ ಕೊಂಬೆಗೆ ಬಾಯಿ ಹಾಕಿತ್ತು. ಕಂದಿ ಅದನ್ನು ಕಂಡು ಊಳಿಟ್ಟಿತು. ಗಿಡ ಸುತ್ತಿಕೊಂಡು ಓಡಿತು.

ಬೇವು ಮತ್ತೆ ಯೋಚಿಸಲಿಲ್ಲ. ಮೈ ಕೊಡವಿತು. ಹಣ್ಣುಗಳ ಕಹಿಯೆಲ್ಲ ಗಾಳಿಯ ಬೆನ್ನೇರಿ ಬಂತು, ಕಣಗಿಲೆಯ ಎಲೆ ಎಲೆಗೂ ಕಡ್ಡಿ ಕಡ್ಡಿಗೂ ಇಳಿಯಿತು.

ಥೂ! ಮೋಟ ಉಗಿಯಿತು. ನಾಲಗೆಯನ್ನು ಹುಲ್ಲಿಗೆ ಒರೆಸಿತು, ಅಮ್ಮನ ಹೊಟ್ಟೆಯಡಿಗೆ ಓಡಿತು.

ಬೇವಿನ ಮೇಲೆ ಆಗಲೇ ಕಾಗೆಗಳು ಬಂದು ಕೂತಿದ್ದವು. ಹಣ್ಣು ಕುಕ್ಕುತ್ತಿದ್ದವು. ಬೇವು ಒಂದನ್ನೂ ಓಡಿಸಲಿಲ್ಲ. ಕಂದಿ ತಲೆ ಎತ್ತಿ ಅದನ್ನು ಎಷ್ಟೋ ಹೊತ್ತು ನೋಡಿತು. ಇದ್ದುದೊಂದನ್ನೇ ಕೊಟ್ಟುಬಿಡುವವರೂ ಲೋಕದಲ್ಲಿ ಇದ್ದಾರಲ್ಲ ಎಂದು ಅದರ ಮೈ ಜುಮ್ಮೆಂದಿತು. ಹುಣಸೆ ನಾಚಿ ಎಲೆ ಮಡಿಸಿಕೊಂಡಿತು.

ಅದಕ್ಕೇ ಮಗೂ, ಇಂದಿಗೂ ಬೇವಿನ ಎಲೆ ಕಹಿ, ತೊಗಟೆ ಕಹಿ, ಮಾಗಿದ ಹಣ್ಣು ಮಾತ್ರ ಸಿಹಿ. ಕಣಗಿಲೆ ಕಹಿಯಾಯಿತೇ ಹೊರತು ಅದರ ವಿಷ ಇನ್ನೂ ಹೋಗಿಲ್ಲ. ನಿನ್ನ ನಾಯಿಮರಿ ಆ ಕಡೆ ಮೂತಿ ಚಾಚಿದರೆ ಓಡಿಹೋಗಿ ಎತ್ತಿಕೊ, ಬೇವು ಕೊಡಬೇಕಾದದ್ದನ್ನು ಆವತ್ತೇ ಕೊಟ್ಟಾಗಿದೆ.