ಗೂಳಿತಲೆಯ ರಾಕ್ಷಸ

"ಗುರುಗಳೇ, ಗ್ರೀಕರ ಪುರಾಣದಲ್ಲಿ ಮನುಷ್ಯನ ಮೈ, ಗೂಳಿಯ ತಲೆ ಇರುವ ರಾಕ್ಷಸನೊಬ್ಬ ಬರುತ್ತಾನೆ. ಕ್ರೀಟ್ ದ್ವೀಪದಲ್ಲಿ ಕುಳಿತು ಅಥೆನ್ಸಿನ ಮಕ್ಕಳನ್ನು ತಿನ್ನುತ್ತಿದ್ದನಂತೆ. ಇಂಥ ಕತೆ ಎಲ್ಲಿಂದ ಹುಟ್ಟಿತು?" ಎಂದು ಶಿಷ್ಯನೊಬ್ಬ ಕೇಳಿದ.

ಗುರುಗಳು ಹೇಳಿದರು:

ಕಂಡವರು ಯಾರೂ ಉಳಿದಿಲ್ಲ. ಆ ದ್ವೀಪದ ಹಳೆಯ ಅರಮನೆಯಲ್ಲಿ, ಓಡುವ ಗೂಳಿಯ ಬೆನ್ನ ಮೇಲೆ ಲಾಗ ಹಾಕುವವನ ಚಿತ್ರವೊಂದು ಸಿಕ್ಕಿದೆ, ಅಷ್ಟೇ. ಮಿಕ್ಕದ್ದನ್ನು ನಾನು ಹೀಗೆ ಊಹಿಸಿಕೊಂಡಿದ್ದೇನೆ.

ಸೋತ ಅಥೆನ್ಸ್, ಗೆದ್ದ ಕ್ರೀಟಿಗೆ ಹರೆಯದ ಮಕ್ಕಳನ್ನು ಕಪ್ಪವಾಗಿ ಕಳಿಸಬೇಕಿತ್ತು. ವಿಧವೆಯೊಬ್ಬಳ ಒಬ್ಬನೇ ಮಗನೂ ಹೋದ. ಅಲ್ಲಿ ಅವನಿಗೆ ಗೂಳಿಯ ಮೇಲಿಂದ ಹಾರುವುದನ್ನು ಕಲಿಸಿ, ಹಬ್ಬದ ದಿನ ಅಂಗಳಕ್ಕೆ ಇಳಿಸಿದರು. ಅಲ್ಲಿನ ಪದ್ಧತಿ ಹೀಗೆ: ಹಾರಿದವನು ನೆಟ್ಟಗೆ ನಿಂತರೆ ಅವನ ಸರದಿ ಮುಗಿಯಿತು. ಜನ ಮೆಚ್ಚಿ ಚಪ್ಪಾಳೆ ತಟ್ಟಿದರೆ ಮಾತ್ರ ಮತ್ತೆ ಹಾರಬೇಕು.

ಹುಡುಗ ಕೊಂಬು ಹಿಡಿದು ಹಾರಿದ, ನೆಟ್ಟಗೆ ನಿಂತ.

ಆ ಗುಂಪಿನಲ್ಲಿ ಅಥೆನ್ಸಿನ ದೋಣಿಯವನೊಬ್ಬನಿದ್ದ, ಎಣ್ಣೆ ಮಾರಲು ಬಂದವನು. ಪದ್ಧತಿ ಅವನಿಗೆ ಚೆನ್ನಾಗಿ ಗೊತ್ತಿತ್ತು. ಆದರೆ ಹಾರಿದವನು ತನ್ನೂರಿನ ಹುಡುಗ, ತನ್ನ ಬೀದಿಯಲ್ಲೇ ಆಡಿ ಬೆಳೆದವನು! ಹೆಮ್ಮೆಯಲ್ಲಿ ಮೈಮರೆತು ಚಪ್ಪಾಳೆ ತಟ್ಟಿಬಿಟ್ಟ. ಅವನನ್ನು ನೋಡಿ ಪಕ್ಕದವರು ತಟ್ಟಿದರು. ಆಮೇಲೆ ಅಂಗಳದ ಸುತ್ತ ಕೂತವರೆಲ್ಲ ತಟ್ಟಿದರು.

ಎರಡನೆಯ ಸಲ ಹುಡುಗನ ಕೈ ಜಾರಿತು. ಪಾಪ, ಗೂಳಿಗೇನು ಗೊತ್ತು? ಅದು ಓಡುತ್ತಲೇ ಇತ್ತು.

ದೋಣಿಯವನು ಊರಿಗೆ ಮರಳಿದಾಗ ತಾಯಿ ದಡದಲ್ಲೇ ಕಾದಿದ್ದಳು. ಅವನ ಮುಖ ನೋಡಿಯೇ ಮಗ ಇನ್ನಿಲ್ಲವೆಂದು ಅವಳಿಗೆ ತಿಳಿಯಿತು. ಒಂದೇ ಮಾತು ಕೇಳಿದಳು.

"ಅಣ್ಣಾ, ಕೊನೇ ಗಳಿಗೆಯಲ್ಲಿ ನಮ್ಮೂರಿನವರು ಒಬ್ಬರಾದರೂ ಅವನ ಕಣ್ಣಿಗೆ ಬಿದ್ದರಾ?"

ದೋಣಿಯವನು ಹೇಳಿದ: "ಇಲ್ಲ ತಾಯಿ, ಅಲ್ಲಿ ಯಾರೂ ಇರಲಿಲ್ಲ. ಒಬ್ಬ ರಾಕ್ಷಸನಿದ್ದ. ಅರ್ಧ ಮನುಷ್ಯ, ಅರ್ಧ ಗೂಳಿ. ಅವನೇ ನಿನ್ನ ಮಗನನ್ನು ತಿಂದ."

ಅವಳು ಬದುಕಿರುವವರೆಗೂ ದಿನಾ ಬಾಗಿಲಲ್ಲಿ ನಿಂತು ಆ ರಾಕ್ಷಸನಿಗೆ ಶಾಪ ಹಾಕಿದಳು. ಎದುರು ಮನೆಯಲ್ಲಿದ್ದ ದೋಣಿಯವನು ದಿನಾ ಅದನ್ನು ಕೇಳಿಸಿಕೊಂಡ. ಹೋಗಿ ಬರುವವರೂ ಕೇಳಿಸಿಕೊಂಡರು. ಕತೆ ಹಬ್ಬಿದ್ದು ಹಾಗೆ.

ಶಿಷ್ಯ, "ಅಂದರೆ ಅವನು ಹೇಳಿದ್ದೆಲ್ಲ ಸುಳ್ಳು, ಅಲ್ಲವೇ ಗುರುಗಳೇ?" ಎಂದ.

"ಅರ್ಧ ನಿಜ ಮಗು, ಮನುಷ್ಯನ ಅರ್ಧ," ಎಂದರು ಗುರುಗಳು.